ಯಾರೂ ನುಡಿಯದ ಪದಕ್ಕೆ ಕೊಟ್ಟ ಉಚ್ಚಾರಣೆ

1934ರ ವೆಬ್‌ಸ್ಟರ್ ನ್ಯೂ ಇಂಟರ್‌ನ್ಯಾಷನಲ್ ನಿಘಂಟಿನ ಎರಡನೆಯ ಆವೃತ್ತಿಯಲ್ಲಿ 'ಡಾರ್ಡ್' ಎಂಬ ಪದವಿದೆ, ಅರ್ಥ, ಸಾಂದ್ರತೆ. ಸಾಂದ್ರತೆಯ ಸಂಕೇತ ದೊಡ್ಡ 'ಡಿ' ಅಥವಾ ಸಣ್ಣ 'ಡಿ' ಎಂದು ತಿಳಿಸಲು 1931ರಲ್ಲಿ ಬರೆದ 'ಡಿ ಆರ್ ಡಿ' ಎಂಬ ಚೀಟಿಯನ್ನು ಒಂದೇ ಪದವೆಂದು ಓದಿದ್ದರಿಂದ ಅದು ಹುಟ್ಟಿತು. ವಾಲ್ಟರ್ ಸ್ಕೀಟ್ 1886ರಲ್ಲೇ ಇಂಥವನ್ನು 'ಭೂತಪದ'ಗಳೆಂದು ಕರೆದಿದ್ದರು. ಪ್ರಸಂಗ ಸುಪರಿಚಿತ. ಆದರೆ ಈ ಪದಕ್ಕೆ ನಿಘಂಟು ಉಚ್ಚಾರಣೆಯನ್ನೂ ಕೊಟ್ಟಿತ್ತೆಂಬುದು ಅಷ್ಟಾಗಿ ಚರ್ಚೆಗೆ ಬಂದಿಲ್ಲ. 1939ರಲ್ಲಿ ಸಂಪಾದಕರೊಬ್ಬರ ಕಣ್ಣಿಗೆ ಬಿದ್ದದ್ದು ನಿಷ್ಪತ್ತಿಯ ಅಭಾವ. ಉಚ್ಚಾರಣೆಗೆ ಆಧಾರವಿಲ್ಲದಿರುವುದು ಹಾಗೆ ಕಾಣಿಸದು. ಅದನ್ನು ಕಾಗುಣಿತದಿಂದಲೇ ತಯಾರಿಸಿಕೊಳ್ಳಬಹುದು.

ವಿಧಿಸುವುದು ತಮ್ಮ ಕೆಲಸವಲ್ಲ, ಇರುವ ರೂಢಿಯನ್ನು ದಾಖಲಿಸುವುದಷ್ಟೇ ಎಂಬುದು 1917ರ ಉಚ್ಚಾರಣಕೋಶದಲ್ಲಿ ಡೇನಿಯಲ್ ಜೋನ್ಸ್ ತಳೆದ ನಿಲುವು. ಜೆ. ಸಿ. ವೆಲ್ಸ್ ಅವರ 1990ರ ಲಾಂಗ್‌ಮನ್ ಕೋಶ ಭಾಷಿಕರ ಒಲವುಗಳನ್ನೇ ಸಮೀಕ್ಷಿಸಿ ಶೇಕಡಾವಾರು ಕೊಟ್ಟಿತು. ಬಳಕೆಯ ಪದಗಳಲ್ಲಿ ಈ ಪ್ರತಿಜ್ಞೆ ನಿಲ್ಲುತ್ತದೆ. ಅಪರೂಪದ ಪದಗಳಲ್ಲಿ ಯಾರನ್ನು ಕೇಳಿ ದಾಖಲಿಸುವುದು?

ಅಪರೂಪತೆಯೂ ಒಂದೇ ಬಗೆಯದಲ್ಲ. ಲಾಲ್‌ಬಾಗಿನ ಬಂಡೆಯ ಶಿಲಾಜಾತಿಗೆ ಭೂವಿಜ್ಞಾನಿಗಳು 'ನೈಸ್' ಎನ್ನುತ್ತಾರೆ. ಮೂಲ ಜರ್ಮನ್‌ನಲ್ಲಿ ಮೊದಲ ಗಕಾರ ಕೇಳಿಸುತ್ತದೆ. ಇಂಗ್ಲಿಷಿನಲ್ಲಿ ಬರಹದಲ್ಲಷ್ಟೇ ಉಳಿದಿದೆ. ಜನಸಾಮಾನ್ಯರಿಗೆ ಅಪರಿಚಿತವಾದರೂ ಇದು ಗುರುಮುಖದಿಂದ ಕಿವಿಗೆ ಬೀಳುವ ಪದ, ಇದಕ್ಕೊಂದು ಭಾಷಿಕಸಮುದಾಯವಿದೆ. ಕ್ಷಯಕ್ಕೆ ಗ್ರೀಕ್ ಮೂಲದಿಂದ ಬಂದ 'ಥೈಸಿಸ್' ಹಾಗಲ್ಲ. ವೈದ್ಯರು ಅದನ್ನು ಬಿಟ್ಟು ಬಹುಕಾಲವಾಯಿತು. ಇಂದಿನ ಓದುಗ ಅದನ್ನು ಕಣ್ಣಿನಿಂದ ಕಲಿಯುತ್ತಾನೆ. ಕೋಶಗಳಲ್ಲಿ 'ಥೈಸಿಸ್', 'ಟೈಸಿಸ್' ಎರಡೂ ಇವೆ. ಇವು ಇಬ್ಬರು ಭಾಷಿಕರ ಭೇದವೋ, ಕಾಗುಣಿತದ ಎರಡು ವ್ಯಾಖ್ಯಾನಗಳೋ, ನಮೂದು ಹೇಳುವುದಿಲ್ಲ. ನಮ್ಮ ತಾರ್ಕಿಕರ ಮಾತಿನಲ್ಲಿ, 'ನೈಸ್' ಪ್ರತ್ಯಕ್ಷ; 'ಥೈಸಿಸ್' ಬಹುಮಟ್ಟಿಗೆ ಅನುಮಾನ. ಎರಡಕ್ಕೂ ಒಂದೇ ಲಿಪಿ, ಒಂದೇ ಖಚಿತತೆ. ನನ್ನ ಆಕ್ಷೇಪ ಇದಕ್ಕೆ.

ಆಕ್ಷೇಪ ಕೇವಲ ಶುಚಿತ್ವದ್ದಲ್ಲ. 1968ರಲ್ಲಿ ಚಾಮ್ಸ್ಕಿ ಮತ್ತು ಹ್ಯಾಲೆ ಇಂಗ್ಲಿಷಿನ ಸ್ವರಾಘಾತ ನಿಯಮಗಳನ್ನು ಕಟ್ಟಿದಾಗ ಕೆನ್ಯನ್ ಮತ್ತು ನಾಟ್ ಅವರ 1944ರ ಉಚ್ಚಾರಣಕೋಶ ಅವರ ಮುಖ್ಯ ಆಕರಗಳಲ್ಲೊಂದಾಗಿತ್ತು. ಅಪರೂಪದ ಪದದ ಆಘಾತವನ್ನು ಸಂಪಾದಕನೇ ಸಾದೃಶ್ಯದಿಂದ ನಿರ್ಣಯಿಸಿದ್ದರೆ, ಆ ನಮೂದನ್ನು ನಿಯಮಕ್ಕೆ ಸಾಕ್ಷಿಯಾಗಿ ತರುವವನು ಅಳೆಯುತ್ತಿರುವುದು ಸಂಪಾದಕನ ನಿಯಮಜ್ಞಾನವನ್ನು. ನಿಯಮ ತಾನೇ ತನಗೆ ಸಾಕ್ಷಿ ನುಡಿದಂತಾಗುತ್ತದೆ. ಕೋಶದ ನಮೂದುಗಳನ್ನು ದತ್ತಾಂಶಪಟ್ಟಿಗೆ ನೇರವಾಗಿ ಇಳಿಸಿಕೊಳ್ಳುವ ಸಂಶೋಧನಾರ್ಥಿಗಳು (ನಾನೂ ಒಮ್ಮೆ ಹಾಗೆ ಮಾಡಿದವನೇ) ಈ ವರ್ತುಲವನ್ನು ಗಮನಿಸುವುದು ಕಡಿಮೆ.

ಓದುಗನಿಗೆ ಬೇಕಾದದ್ದು ಬಳಸಬಹುದಾದ ಒಂದು ಉಚ್ಚಾರಣೆ, ಆಕರವಿಚಾರವಲ್ಲ ಎಂದು ಕೋಶಕಾರರು ಹೇಳಬಹುದು. ಒಪ್ಪೋಣ, ಊಹಿಸಿದ ಉಚ್ಚಾರಣೆಯೂ ಅವನಿಗೆ ಉಪಯುಕ್ತವೇ. ಆದರೆ ಅಶುದ್ಧವೆಂದು ಎಣಿಸಲಾಗುವ ರೂಪಗಳಿಗೆ ವೆಲ್ಸ್ ಎಚ್ಚರಿಕೆಯ ಚಿಹ್ನೆಯೊಂದನ್ನು ಈಗಾಗಲೇ ಬಳಸಿದ್ದಾರೆ. ಕಾಗುಣಿತದಿಂದ ಊಹಿಸಿದ ರೂಪಗಳಿಗೂ ಅಂಥದೊಂದು ಚಿಹ್ನೆಗೆ ಪುಟದಲ್ಲಿ ಸ್ಥಳಾಭಾವವಿರಲಾರದು.