ಅಂತಃಪುರದ ಲೆಕ್ಕ ಬರೆದವರು

1509ರಲ್ಲಿ ಇಬ್ಬರು ಪಟ್ಟಕ್ಕೆ ಬಂದರು: ಲಂಡನ್ನಿನಲ್ಲಿ ಎಂಟನೆಯ ಹೆನ್ರಿ, ವಿಜಯನಗರದಲ್ಲಿ ಕೃಷ್ಣದೇವರಾಯ. ಹೊಸಕೆರೆಹಳ್ಳಿಯ ನಮ್ಮ ಓದಿನ ಬಳಗಕ್ಕೆ ಬರುವ ಕಾಲೇಜು ಹುಡುಗಿಯರಿಗೆ ಹೆನ್ರಿಯ ಆರು ಹೆಂಡಿರ ಹೆಸರು ಬಾಯಿಪಾಠ. ಯಾರ ತಲೆ ಹೋಯಿತು, ಯಾರಿಗೆ ವಿಚ್ಛೇದನವಾಯಿತು, ಯಾರು ಬದುಕುಳಿದರು ಎಲ್ಲ ಗೊತ್ತು. ಕೃಷ್ಣದೇವರಾಯನ ರಾಣಿಯರ ವಿಷಯಕ್ಕೆ ಬಂದರೆ ತಿರುಮಲದೇವಿ, ಚಿನ್ನಾದೇವಿ ಎಂಬ ಎರಡು ಹೆಸರಿಗೆ ಮಾತು ನಿಲ್ಲುತ್ತದೆ. ಹೆಚ್ಚೆಂದರೆ ಪಟ್ಟಕ್ಕೆ ಬರುವ ಮೊದಲೇ ರಾಯ ಒಲಿದ ನರ್ತಕಿಯ ಕಥೆ ಬರುತ್ತದೆ. ಅದು ಸಿನಿಮಾಕ್ಕೆ ಒಗ್ಗುವ ಕಥೆ.

ನಮ್ಮ ಊರಿನಲ್ಲೂ ಹೀಗೆಯೇ ಆಗಿದೆ. ಬೆಂಗಳೂರು ಕಟ್ಟಿದ ಕೆಂಪೇಗೌಡರು ವಿಜಯನಗರದ ಸಾಮಂತರು. ಆ ಮನೆತನದ ಹೆಂಗಸರಲ್ಲಿ ಜನ ನೆನೆಯುವುದು ಒಬ್ಬಳನ್ನೇ, ಸೊಸೆ ಲಕ್ಷ್ಮೀದೇವಿಯನ್ನು. ಕೋಟೆಯ ಬಾಗಿಲು ನಿಲ್ಲದೆ ಕುಸಿಯುತ್ತಿದ್ದಾಗ ಬಸುರಿ ಹೆಂಗಸು ತನ್ನನ್ನೇ ಬಲಿ ಕೊಟ್ಟುಕೊಂಡಳು ಎಂಬ ಐತಿಹ್ಯ. ಕೋರಮಂಗಲದಲ್ಲಿ ಅವಳ ಸಮಾಧಿಯಿದೆ. ಪ್ರೇಯಸಿಯಾದರೆ ನೆನೆಯುತ್ತೇವೆ, ಬಲಿಯಾದರೆ ಪೂಜಿಸುತ್ತೇವೆ. ಇವೆರಡರ ನಡುವೆ ಇಡೀ ಜೀವಮಾನ ಮನೆ, ಆಸ್ತಿ, ಆಳುಕಾಳು, ಲೆಕ್ಕಪತ್ರ ನೋಡಿಕೊಂಡ ಅರಮನೆಯ ಹೆಂಗಸರು ನಮಗೆ ಕಾಣುವುದೇ ಇಲ್ಲ. ನನಗೆ ಬೇಕಾದವರು ಅವರು.

ಅವರನ್ನು ಹುಡುಕಲು ಹಂಪಿಗೆ ಹೋದರೆ ಫಲಕಗಳು ದಾರಿ ತಪ್ಪಿಸುತ್ತವೆ. ರಾಣಿಯರ ಸ್ನಾನಗೃಹ, ಕಮಲ ಮಹಲು, ಜನಾನಾ ಆವರಣ, ಇವೆಲ್ಲ ನಗರ ಹಾಳಾದ ಎಷ್ಟೋ ಕಾಲದ ಮೇಲೆ ಇಟ್ಟ ಹೆಸರುಗಳು. ಕಮಲ ಮಹಲು ರಾಜಕಾರ್ಯದ ಮಾತುಕತೆಗೆ ಕಟ್ಟಿದ ಮಂಟಪವಾಗಿದ್ದಿರಬಹುದು ಎನ್ನುವ ವಿದ್ವಾಂಸರಿದ್ದಾರೆ. ಕಾವಲು ಗೋಪುರಗಳ ಆ ಆವರಣ ಹೆಂಗಸರದ್ದೇ ಆಗಿತ್ತೆಂಬುದಕ್ಕೂ ಗಟ್ಟಿ ಆಧಾರವಿಲ್ಲ. ಹಾಗಾಗಿ ಕಟ್ಟಡಗಳನ್ನು ಬಿಟ್ಟು ಕಾಗದ ಹಿಡಿಯುವುದು ಮೇಲು.

1520ರ ಆಸುಪಾಸಿನಲ್ಲಿ ವಿಜಯನಗರ ನೋಡಿದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯಸ್ ಬರೆಯುತ್ತಾನೆ: ರಾಯನಿಗೆ ಹನ್ನೆರಡು ಧರ್ಮಪತ್ನಿಯರು, ಮೂವರು ಮುಖ್ಯರು. ಒಬ್ಬಳು ಒಡಿಶಾದ ಅರಸನ ಮಗಳು, ಒಬ್ಬಳು ಶ್ರೀರಂಗಪಟ್ಟಣದ ಸಾಮಂತನ ಮಗಳು, ಇನ್ನೊಬ್ಬಳು ಆ ನರ್ತಕಿ. ನನ್ನ ಕಣ್ಣು ನಿಲ್ಲುವುದು ಅದರ ಮುಂದಿನ ಸಾಲುಗಳ ಮೇಲೆ. ಮೂವರಿಗೂ ಬೇರೆಬೇರೆ ಮನೆ, ಬೇರೆಬೇರೆ ಭಂಡಾರ, ಅವರವರದೇ ಕಾವಲಿನವರು. ಒಬ್ಬಳಿಗೆ ಇದ್ದಷ್ಟೇ ಇನ್ನೊಬ್ಬಳಿಗೂ. ಜಗಳಕ್ಕೆ ಎಡೆಯಾಗದಿರಲೆಂದು ಈ ಏರ್ಪಾಡು. ಒಳಗೆ ಕತ್ತಿ ಗುರಾಣಿ ಹಿಡಿಯುವ ಹೆಂಗಸರು, ಕುಸ್ತಿ ಆಡುವವರು, ಕಹಳೆ ಊದುವವರು, ಪಲ್ಲಕ್ಕಿ ಹೊರುವವರು, ಬಟ್ಟೆ ಒಗೆಯುವವರು. ಮಹಾನವಮಿಯಲ್ಲಿ ಸಾಲಾಗಿ ಬಂದ ಅಂತಃಪುರದ ಯುವತಿಯರ ಮೈಮೇಲಿನ ಬಂಗಾರದ ಭಾರಕ್ಕೆ ಪಕ್ಕದ ಹೆಂಗಸರು ಅವರ ತೋಳು ಹಿಡಿದು ಆಸರೆ ಕೊಡಬೇಕಾಗುತ್ತಿತ್ತು. ಇದು ಪಾಯಸ್ ಕಣ್ಣಾರೆ ಕಂಡದ್ದು. ಒಳಗೆ ಹನ್ನೆರಡು ಸಾವಿರ ಹೆಂಗಸರಿದ್ದಾರೆ ಎಂದದ್ದು ಮಾತ್ರ ಯಾರೋ ಹೇಳಿದ್ದನ್ನು ಕೇಳಿ.

ಹದಿನೈದು ವರ್ಷದ ನಂತರ, ಕೃಷ್ಣದೇವರಾಯನ ನಂತರ ಪಟ್ಟಕ್ಕೆ ಬಂದ ಅಚ್ಯುತರಾಯನ ಕಾಲದಲ್ಲಿ, ಕುದುರೆ ವ್ಯಾಪಾರಿ ಫರ್ನಾವೊ ನೂನಿಜ್ ಬಂದ. ಅವನ ಅಂದಾಜು ನಾಲ್ಕು ಸಾವಿರ ಹೆಂಗಸರು. ವ್ಯಾಪಾರಿಯಾದ್ದರಿಂದಲೋ ಏನೋ, ಪಾಯಸ್ ಬರೆಯದ ಒಂದು ಸಂಗತಿಯನ್ನು ಅವನು ಬರೆದಿಟ್ಟ. ಬಾಗಿಲೊಳಗಿನ ಖರ್ಚುವೆಚ್ಚವನ್ನೆಲ್ಲ ಬರೆಯುವ ಹೆಂಗಸರಿದ್ದರು. ರಾಜ್ಯದ ಸಮಾಚಾರವನ್ನು ದಾಖಲಿಸಿ, ತಮ್ಮ ಪುಸ್ತಕವನ್ನು ಹೊರಗಿನ ಕರಣಿಕರ ಪುಸ್ತಕದೊಂದಿಗೆ ತಾಳೆ ನೋಡುವ ಹೆಂಗಸರೂ ಇದ್ದರು. ನ್ಯಾಯ ಹೇಳುವವರು, ಅಮೀನರ ಕೆಲಸ ಮಾಡುವವರು, ರಾತ್ರಿ ಪಹರೆಯವರು ಕೂಡ ಹೆಂಗಸರೇ ಎಂದು ಅವನು ಕೇಳಿದ್ದ. ರಾಣಿಯರಿಗೆ ಸಂಗೀತ ಚೆನ್ನಾಗಿ ಬರುತ್ತದೆ ಎಂಬ ಮಾತೂ ಅಲ್ಲೇ ಇದೆ.

ತಾಳೆ ನೋಡುವುದು ಎಂದರೆ ಸಾಮಾನ್ಯವಲ್ಲ. ಗಂಡಸರು ಬರೆದ ಲೆಕ್ಕ ಸರಿಯೋ ತಪ್ಪೋ ಎಂದು ಹೇಳುವ ಅಧಿಕಾರ ಅದು. ಯಾವುದರ ಮೇಲೆ ಬರೆದಿರಬಹುದು? ನೂನಿಜ್‌ಗಿಂತ ಮೊದಲು, 1443ರಲ್ಲಿ, ಪರ್ಷಿಯಾದ ರಾಯಭಾರಿ ಅಬ್ದುರ್ ರಜಾಕ್ ಇಲ್ಲಿಯ ಎರಡು ಬಗೆಯ ಬರವಣಿಗೆ ನೋಡಿದ್ದ: ಗರಿಯ ಮೇಲೆ ಕಬ್ಬಿಣದ ಕಂಟದಿಂದ ಗೀರುವುದು ಒಂದು, ಕಪ್ಪು ಬಳಿದ ಹಾಳೆಯ ಮೇಲೆ ಮೆದು ಕಲ್ಲಿನಿಂದ ಬಿಳಿಯಾಗಿ ಬರೆಯುವುದು ಇನ್ನೊಂದು. ಎರಡನೆಯದೇ ನಮ್ಮ ಕಡತ. ಬಟ್ಟೆಗೆ ಹುಣಸೆಬೀಜದ ಅಂಟು, ಇದ್ದಿಲ ಪುಡಿ ಸವರಿ, ಒಣಗಿಸಿ, ಮಡಿಚಿ, ಬಳಪದಿಂದ ಬರೆಯುವ ಪುಸ್ತಕ. ಶೃಂಗೇರಿ ಮಠದಲ್ಲಿ ಇಂಥ ಕಡತಗಳು ರಾಶಿಯಾಗಿ ಉಳಿದು ಇತಿಹಾಸಕಾರರಿಗೆ ಅನ್ನ ಹಾಕಿವೆ. ವಿಜಯನಗರದ ಅರಮನೆಯವು 1565ರ ರಕ್ಕಸಗಿ ತಂಗಡಗಿ ಸೋಲಿನ ನಂತರದ ಲೂಟಿ, ಬೆಂಕಿಯಲ್ಲಿ ಹೋದವು. ಆ ನಗರದ ನಷ್ಟವನ್ನು ನೆನೆದಾಗ ಚಿನ್ನದ ಸಿಂಹಾಸನಕ್ಕಿಂತ ಆ ಕಡತಗಳಿಗಾಗಿ ನನ್ನ ಹೊಟ್ಟೆ ಉರಿಯುತ್ತದೆ.

ರಾಣಿಯರ ಸ್ವಂತ ಆಸ್ತಿಯ ಕುರುಹು ಉಳಿದದ್ದು ದೇವಸ್ಥಾನದ ಗೋಡೆಗಳ ಮೇಲೆ. 1513ರ ಫೆಬ್ರವರಿಯಲ್ಲಿ ರಾಯ ಮೊದಲ ಸಲ ತಿರುಮಲೆಗೆ ಹೋದಾಗ ತಿರುಮಲದೇವಿ, ಚಿನ್ನಾದೇವಿ ಇಬ್ಬರೂ ದೇವರ ಹಾಲಿನ ನೈವೇದ್ಯಕ್ಕೆ ಚಿನ್ನದ ಬಟ್ಟಲುಗಳನ್ನು ಕೊಟ್ಟರು. ಶಾಸನಗಳಲ್ಲಿ ಇದು ಅವರವರ ಹೆಸರಿನಲ್ಲೇ ದಾಖಲಾಗಿದೆ. ರಾಯನ ಎರಡು ಪಕ್ಕದಲ್ಲಿ ಕೈಮುಗಿದು ನಿಂತ ಅವರ ಲೋಹದ ಪ್ರತಿಮೆಗಳನ್ನು ತಿರುಮಲೆಗೆ ಹೋದವರೆಲ್ಲ ನೋಡಿರುತ್ತೀರಿ; ಪ್ರತಿಮೆಗಳ ಮೇಲೆ ಹೆಸರು ಕೆತ್ತಿದೆ. ಅದೇ 1513ರಲ್ಲಿ ಹೆನ್ರಿ ಫ್ರಾನ್ಸಿನ ದಂಡಯಾತ್ರೆಯಲ್ಲಿದ್ದಾಗ ಇಂಗ್ಲೆಂಡನ್ನು ನೋಡಿಕೊಂಡವಳು ಅವನ ಮೊದಲ ಹೆಂಡತಿ ಕ್ಯಾಥರೀನ್. ಅವಳ ಸೇನೆ ಸ್ಕಾಟ್ಲೆಂಡಿನ ದೊರೆಯನ್ನು ಕೊಂದಿತು; ಆ ದೊರೆಯ ಅಂಗಿಯ ತುಂಡನ್ನು ಅವಳು ಗಂಡನಿಗೆ ಕಳಿಸಿದಳು. ಅವಳ ಕಾಗದಗಳು ಉಳಿದಿವೆ, ಹಾಗಾಗಿ ಅವಳ ದನಿ ನಮಗೆ ಕೇಳುತ್ತದೆ. ತಿರುಮಲದೇವಿಯದು ಒಂದು ಸಾಲೂ ನಮ್ಮ ಕೈಗೆ ಬಂದಿಲ್ಲ.

ಈ ಬದುಕು ಸುಖದ್ದಾಗಿತ್ತೆಂದು ನಾನು ಹೇಳುತ್ತಿಲ್ಲ. ರಾಣಿಯರು ಮುಚ್ಚಿದ ಪಲ್ಲಕ್ಕಿಯಲ್ಲಿ ಹೊರಟರೆ ಜನ ದೂರ ಸರಿಯಬೇಕಿತ್ತು. ಒಡಿಶಾದ ಅರಸ ಗಜಪತಿಯ ಮಗಳು ಸೋತ ರಾಜ್ಯದ ಕಡೆಯಿಂದ ಸಂಧಿಯ ಭಾಗವಾಗಿ ಬಂದವಳು. ಗಂಡನ ಅನಾದರಕ್ಕೆ ಗುರಿಯಾಗಿ ದೂರವೇ ಉಳಿದಳು, ಆಂಧ್ರದ ಕಂಬಂ ಎಂಬ ಊರಿನ ದೊಡ್ಡ ಕೆರೆ ಕಟ್ಟಿಸಿದವಳು ಅವಳೇ ಎಂದು ಐತಿಹ್ಯ. ಅಚ್ಯುತರಾಯ 1542ರಲ್ಲಿ ತೀರಿಕೊಂಡ ಮೇಲೆ ರಾಣಿ ವರದಾದೇವಿ ಎಳೆಯ ಮಗನ ಪಟ್ಟ ಉಳಿಸಲು ತನ್ನ ಒಡಹುಟ್ಟಿದ ಅಣ್ಣನ ಮೇಲೂ ನಂಬಿಕೆಯಿಡಲಾಗದೆ ಬಿಜಾಪುರದ ಆದಿಲಶಾಹನ ನೆರವು ಕೇಳಿದಳು, ಮಗ ಉಳಿಯಲಿಲ್ಲ. 1614ರಲ್ಲಿ ಎರಡನೆಯ ವೆಂಕಟಪತಿರಾಯ ಸತ್ತಾಗ ಮೂವರು ರಾಣಿಯರು ಚಿತೆಯೇರಿದರು.

ಬರೆಯಬಲ್ಲವರು ಇಷ್ಟರ ನಡುವೆಯೇ ಬರೆದರು. ಬುಕ್ಕರಾಯನ ಸೊಸೆ, ಕುಮಾರ ಕಂಪಣನ ಹೆಂಡತಿ ಗಂಗಾದೇವಿ ಗಂಡನ ಮಧುರೆಯ ದಂಡಯಾತ್ರೆಯನ್ನು ಸಂಸ್ಕೃತ ಕಾವ್ಯವಾಗಿಸಿದ್ದು ಹದಿನಾಲ್ಕನೆಯ ಶತಮಾನದಲ್ಲಿ. ಇಂಗ್ಲೆಂಡಿನ ರಾಣಿಯೊಬ್ಬಳು ತನ್ನ ಹೆಸರಿನಲ್ಲಿ ಪುಸ್ತಕ ಅಚ್ಚು ಹಾಕಿಸಿದ್ದು 1545ರಲ್ಲಿ. ಗಂಗಾದೇವಿಯ ಆ ಕಾವ್ಯ ‘ಮಧುರಾವಿಜಯ’ದ ಓಲೆ 1916ರಲ್ಲಿ ತಿರುವನಂತಪುರದಲ್ಲಿ ಸಿಗುವವರೆಗೆ ಅದರ ಹೆಸರು ಕೇಳಿದವರೇ ವಿರಳ. ಅಚ್ಯುತರಾಯನ ಆಸ್ಥಾನದ ತಿರುಮಲಾಂಬೆ ವರದಾದೇವಿಯ ಮದುವೆಯನ್ನೇ ವಸ್ತುವಾಗಿಸಿ ‘ವರದಾಂಬಿಕಾ ಪರಿಣಯ ಚಂಪು’ ಬರೆದಳು. ಅದರಲ್ಲಿರುವ 195 ಅಕ್ಷರಗಳ ಒಂದೇ ಸಮಾಸಪದ ಗಿನ್ನೆಸ್ ದಾಖಲೆಗೂ ಸೇರಿದೆ. ಆ ಪದವನ್ನು ಉಸಿರು ಹಿಡಿದು ಓದಲು ಯತ್ನಿಸಿದವರಿಗೆ ಅವಳ ಎದೆಗಾರಿಕೆ ತಿಳಿಯುತ್ತದೆ.

ನನಗೆ ಎಲ್ಲರಿಗಿಂತ ಹತ್ತಿರದವಳು ಮಾತ್ರ ಮೈಸೂರಿನವಳು. ವಿಜಯನಗರದ ಮಹಾನವಮಿಯನ್ನು ರಾಜ ಒಡೆಯರು 1610ರಲ್ಲಿ ಶ್ರೀರಂಗಪಟ್ಟಣಕ್ಕೆ ತಂದರು. ಅಂತಃಪುರದ ಊಳಿಗದ ಪದ್ಧತಿಯೂ ಅಲ್ಲಿ ಮುಂದುವರಿಯಿತು. ಚಿಕ್ಕದೇವರಾಜ ಒಡೆಯರ ಕಾಲದಲ್ಲಿ ರಾಣಿ ದೇವಾಜಮ್ಮಣ್ಣಿಯ ಎಲೆಅಡಿಕೆ ಸಂಚಿ ಹಿಡಿದವಳು ಹೊನ್ನಮ್ಮ. ನೂನಿಜ್‌ನ ಪಟ್ಟಿಯಲ್ಲಾದರೆ ಊಳಿಗದವರ ಸಾಲಿನಲ್ಲಿ, ಹೆಸರಿಲ್ಲದೆ ಸೇರಬೇಕಾದವಳು. ಅವಳಿಗೆ ಓದು ಕಲಿಸಲಾಯಿತು, ರಾಣಿಯೇ ಬೆಂಬಲವಾಗಿ ನಿಂತಳು, ‘ಹದಿಬದೆಯ ಧರ್ಮ’ ಹುಟ್ಟಿತು. ಪತಿವ್ರತೆಯ ಕರ್ತವ್ಯಗಳನ್ನು ಹೇಳುವ ಕೃತಿ, ಎಷ್ಟೋ ಕಡೆ ಇಂದಿನವರಿಗೆ ಒಪ್ಪಿಗೆಯಾಗದು. ಆದರೆ ಹೆಣ್ಣುಮಗು ಹುಟ್ಟಿತೆಂದು ಮುಖ ಸಿಂಡರಿಸುವವರನ್ನು ಹೊನ್ನಮ್ಮ ತರಾಟೆಗೆ ತೆಗೆದುಕೊಳ್ಳುವ ಭಾಗಕ್ಕೆ ಬಂದಾಗ ಮುನ್ನೂರು ವರ್ಷ ಕಳಚಿ ಬೀಳುತ್ತದೆ. ಪುಸ್ತಕ ಸಿಕ್ಕರೆ ಕಣ್ಣಾಡಿಸಿ ಮುಗಿಸಬೇಡಿ. ಅದು ಸಾಂಗತ್ಯ. ಮನೆಯಲ್ಲಿ ಇನ್ನೊಬ್ಬರನ್ನು ಕೂರಿಸಿಕೊಂಡು ರಾಗವಾಗಿ, ಗಟ್ಟಿಯಾಗಿ ಓದಿ.