ಶಿಖರಜಿ ಆಂದೋಲನದ ಭಾಷೆ: ಒಂದು ವಿಮರ್ಶೆ

2022ರ ಡಿಸೆಂಬರ್ ಕೊನೆಯ ವಾರಗಳಲ್ಲಿ ಜೈನ ಮನೆಗಳ ಮೊಬೈಲ್ ಫೋನುಗಳಲ್ಲಿ ಒಂದು ವಾಕ್ಯ ಮತ್ತೆ ಮತ್ತೆ ಕಾಣಿಸಿಕೊಂಡಿತು: ಸಮ್ಮೇದ ಶಿಖರಜಿ ಪ್ರವಾಸಿ ತಾಣವಲ್ಲ, ತೀರ್ಥಕ್ಷೇತ್ರ. ಇಪ್ಪತ್ತನಾಲ್ಕು ತೀರ್ಥಂಕರರಲ್ಲಿ ಇಪ್ಪತ್ತು ಮಂದಿ ಮೋಕ್ಷ ಪಡೆದ ಆ ಪರ್ವತದ ಕುರಿತು ಇಷ್ಟು ಮಿತವಾದ, ಇಷ್ಟು ನೇರವಾದ ಮಾತು ಆ ದಿನಗಳಲ್ಲಿ ಬೇರೊಂದಿರಲಿಲ್ಲ. ಅದರಲ್ಲಿ ಯಾರ ನಿಂದೆಯೂ ಇಲ್ಲ, ಬೆದರಿಕೆಯೂ ಇಲ್ಲ. ಒಂದು ಸ್ಥಳವನ್ನು ಯಾವ ಹೆಸರಿನಿಂದ ಕರೆಯಬೇಕೆಂಬುದನ್ನಷ್ಟೇ ಅದು ಹೇಳುತ್ತದೆ.

2023ರ ಜನವರಿ 1ರಂದು ದೆಹಲಿ, ಮುಂಬಯಿ, ಅಹಮದಾಬಾದ್ ನಗರಗಳಲ್ಲಿ ಶ್ರಾವಕ-ಶ್ರಾವಿಕೆಯರು ಬಹುಸಂಖ್ಯೆಯಲ್ಲಿ ಬೀದಿಗಿಳಿದರು. ಕರ್ನಾಟಕದ ಊರುಗಳಲ್ಲಿಯೂ ಮೆರವಣಿಗೆಗಳಾದವು, ಅಧಿಕಾರಿಗಳಿಗೆ ಮನವಿಗಳು ಸಂದವು. ಜನವರಿ 5ರಂದು ಕೇಂದ್ರ ಪರಿಸರ ಸಚಿವಾಲಯವು ಪರ್ವತದ ಸುತ್ತಲಿನ ಎಲ್ಲ ಪ್ರವಾಸೋದ್ಯಮ ಚಟುವಟಿಕೆಗಳನ್ನು ತಡೆಹಿಡಿಯಿತು. ಗೆದ್ದ ವ್ಯಾಜ್ಯದ ಕಡತವನ್ನು ಸಾಮಾನ್ಯವಾಗಿ ಯಾರೂ ಮರಳಿ ಬಿಚ್ಚುವುದಿಲ್ಲ. ಆದರೆ ಲೆಕ್ಕ ಬಲ್ಲವರು ಲಾಭ ಬಂದ ವರ್ಷದಲ್ಲಿಯೂ ಖಾತೆಗಳನ್ನು ತಾಳೆ ನೋಡುತ್ತಾರೆ. ಆ ವಾರಗಳಲ್ಲಿ ಸಮಾಜವು ಆಡಿದ ಮತ್ತು ಹರಡಿದ ಮಾತುಗಳನ್ನೂ ಹಾಗೆಯೇ ತಾಳೆ ನೋಡಬೇಕಾಗಿದೆ.

ವಿವಾದದ ಮೂಲವಿರುವುದು 2019ರ ಆಗಸ್ಟ್ 2ರ ಕೇಂದ್ರ ಅಧಿಸೂಚನೆಯಲ್ಲಿ. ಜಾರ್ಖಂಡದ ಪಾರಸನಾಥ ಮತ್ತು ತೋಪಚಾಂಚಿ ಅಭಯಾರಣ್ಯಗಳ ಸುತ್ತಲಿನ ಪ್ರದೇಶವನ್ನು ಅದು ಪರಿಸರ ಸೂಕ್ಷ್ಮ ವಲಯವೆಂದು ಘೋಷಿಸಿತು. ಅದರ ಮೂರನೆಯ ಖಂಡದಲ್ಲಿ ಪ್ರವಾಸೋದ್ಯಮ ಮತ್ತು ಪರಿಸರ ಪ್ರವಾಸದ ಯೋಜನೆಯ ಮಾತಿತ್ತು. ಸಮಾಜದ ಆತಂಕಕ್ಕೆ ಅಲ್ಲಿ ನ್ಯಾಯವಾದ ಆಧಾರವಿತ್ತು. ಆದರೆ ಗಣಿಗಾರಿಕೆ, ಕಲ್ಲುಗಣಿ, ಕ್ರಷರ್, ಮಾಲಿನ್ಯಕಾರಕ ಕೈಗಾರಿಕೆಗಳನ್ನು ನಿಷೇಧಿಸುವುದೂ ಇಂಥ ಅಧಿಸೂಚನೆಯೇ. ಇಡೀ ಅಧಿಸೂಚನೆಯನ್ನೇ ರದ್ದುಗೊಳಿಸಿ ಎಂದು ಕೂಗಿದವರು, ತಮಗರಿವಿಲ್ಲದೆ, ಪರ್ವತದ ಬುಡದ ಕಲ್ಲನ್ನು ಕಾಯುವ ಬೇಲಿಯನ್ನೂ ಕೀಳಿರೆಂದು ಕೇಳಿದಂತಾಯಿತು. ಸಚಿವಾಲಯವು ಮೂರನೆಯ ಖಂಡವನ್ನು ಮಾತ್ರ ತಡೆದು ಉಳಿದುದನ್ನು ಇರಗೊಟ್ಟಿತು. ಅದು ಪರ್ವತಕ್ಕೂ ಸಮಾಜಕ್ಕೂ ಒಳಿತೇ ಆಯಿತು. ಮದ್ಯ-ಮಾಂಸದ ನಿಷೇಧವೂ ಹೊಸದಲ್ಲ. ಅಭಯಾರಣ್ಯದ ನಿರ್ವಹಣಾ ಯೋಜನೆಯಲ್ಲಿ ಅದು ಮೊದಲೇ ಇತ್ತು. ಜನವರಿ 5ರ ಆದೇಶ ಅದನ್ನು ಕಟ್ಟುನಿಟ್ಟಾಗಿ ಪಾಲಿಸುವಂತೆ ರಾಜ್ಯಕ್ಕೆ ಸೂಚಿಸಿತು, ಅಷ್ಟೆ.

ಫೋನಿನ ಸಂದೇಶದಲ್ಲಿ ಖಂಡ, ಉಪಖಂಡಗಳಿಗೆ ಸ್ಥಳವಿರುವುದಿಲ್ಲ. ಅಲ್ಲಿ ಮೊದಲು ಕೆಡುವುದು ಕ್ರಿಯಾಪದ. ಹೋಟೆಲುಗಳು ಬರಬಹುದು, ಮದ್ಯದಂಗಡಿಗಳು ಬರಬಹುದು ಎಂಬ ಭಯ ನಾಲ್ಕು ಕೈ ದಾಟುವಷ್ಟರಲ್ಲಿ ಬಂದೇಬಿಟ್ಟವು ಎಂಬ ಸುದ್ದಿಯಾಗುತ್ತದೆ. ಕರ್ತೃಪದವೂ ಮಸುಕಾಗುತ್ತದೆ. ‘ಸರ್ಕಾರ’ ಎಂದರೆ ಯಾವ ಸರ್ಕಾರ? ರಾಂಚಿಯವರು 2019ರ ಕೇಂದ್ರದ ಅಧಿಸೂಚನೆಯನ್ನು ತೋರಿಸಿದರು. ದೆಹಲಿಯ ಆಡಳಿತ ಪಕ್ಷದವರು ರಾಂಚಿಯ ಪ್ರವಾಸೋದ್ಯಮ ನೀತಿಯನ್ನು ತೋರಿಸಿದರು. ಸಮಾಜದ ಕೂಗನ್ನು ಎರಡೂ ಪಕ್ಷಗಳು ತಮತಮಗೆ ಬೇಕಾದ ದಿಕ್ಕಿಗೆ ತಿರುಗಿಸಿಕೊಂಡವು. ಹೆಸರಿಲ್ಲದ ಆರೋಪದಿಂದ ರಾಜಕಾರಣಿಗೆ ನಷ್ಟವೇನೂ ಇಲ್ಲ.

ವ್ಯಾಪಾರಸ್ಥ ಕುಟುಂಬಗಳಿಗೆ ಹುಂಡಿಯ ನೆನಪು ಇನ್ನೂ ಇದೆ. ಹುಂಡಿಯಲ್ಲಿ ಬರೆದವನ ಸಹಿ, ಕೊಡಬೇಕಾದವನ ಹೆಸರು, ಮಿತಿ, ಮೊತ್ತ ಎಲ್ಲವೂ ಇರಬೇಕು. ಅದಕ್ಕಿಂತ ಮುಖ್ಯವಾದುದು ಹಿಂಬರಹ. ಕಾಗದವನ್ನು ಇನ್ನೊಬ್ಬನಿಗೆ ದಾಟಿಸುವಾಗ ಬೆನ್ನ ಮೇಲೆ ಸಹಿ ಮಾಡಿದವನು, ಬರೆದವನು ಕೈಯೆತ್ತಿದರೆ ತಾನೂ ಹೊಣೆಯಾಗುತ್ತಾನೆ. 1881ರ ಕಾಯಿದೆಯಲ್ಲಿರುವ ಈ ತತ್ತ್ವವನ್ನು ಪೇಟೆಗಳು ಅದಕ್ಕೂ ಮುಂಚೆಯೇ ತಿಳಿದಿದ್ದವು. ಫಾರ್ವರ್ಡ್ ಆದ ಸಂದೇಶವೂ ಕೈಯಿಂದ ಕೈಗೆ ಹಿಂಬರಹದ ಮೇಲೆಯೇ ಸಾಗುತ್ತದೆ. ದೊಡ್ಡಪ್ಪ ಕಳಿಸಿದರು, ಬಸದಿಯ ಟ್ರಸ್ಟಿನ ಕಾರ್ಯದರ್ಶಿಗಳು ಕಳಿಸಿದರು ಎಂಬ ಕಾರಣಕ್ಕೇ ಓದುವವರು ಅದನ್ನು ನಂಬುತ್ತಾರೆ. ಆದರೆ ಅಲ್ಲಿ ಮೂಲದ ಸಹಿಯೂ ಇಲ್ಲ, ದಾಟಿಸಿದವನ ಹೊಣೆಯೂ ಇಲ್ಲ. ಇದರ ಕ್ರೂರ ಫಲ ಕರ್ನಾಟಕಕ್ಕೆ ಅಪರಿಚಿತವಲ್ಲ. 2018ರ ಜುಲೈಯಲ್ಲಿ ಬೀದರ ಜಿಲ್ಲೆಯ ಮುರ್ಕಿಯಲ್ಲಿ ಮಕ್ಕಳ ಕಳ್ಳರೆಂಬ ವಾಟ್ಸ್ಆಪ್ ವದಂತಿಗೆ ದಾರಿಹೋಕ ಯುವಕನೊಬ್ಬ ಬಲಿಯಾದ. ಇಂಥ ಘಟನೆಗಳ ತರುವಾಯ ಅದೇ ತಿಂಗಳು ಆ ಸಂಸ್ಥೆ ಭಾರತದಲ್ಲಿ ಒಂದು ಸಂದೇಶವನ್ನು ಒಮ್ಮೆಗೆ ಐದು ಕಡೆಗೆ ಮಾತ್ರ ದಾಟಿಸುವ ಮಿತಿಯನ್ನು ಹಾಕಿತು. ಶ್ರಾವಕಾಚಾರವು ಬಹು ಹಿಂದೆಯೇ ಹೇಳಿದ್ದ ಸಂಯಮವನ್ನು ಒಂದು ವಿದೇಶೀ ಕಂಪನಿ ಯಂತ್ರದ ಮೂಲಕ ಹೇರಬೇಕಾಯಿತು.

ಸತ್ಯಾಣುವ್ರತದ ಅತಿಚಾರಗಳಲ್ಲಿ ತತ್ತ್ವಾರ್ಥಸೂತ್ರವು ಕೂಟಲೇಖಕ್ರಿಯೆಯನ್ನು, ಎಂದರೆ ಸುಳ್ಳು ಬರಹದ ಸೃಷ್ಟಿಯನ್ನು, ಎಣಿಸುತ್ತದೆ. ಅದನ್ನು ಸುಳ್ಳು ದಸ್ತಾವೇಜು ಬರೆಯುವವರ ದೋಷವೆಂದು ಓದಿ ಮುಂದೆ ಸಾಗುವುದು ರೂಢಿ. ಸತ್ಯವ್ರತದ ಭಾವನೆಗಳಲ್ಲಿ ಕ್ರೋಧ, ಲೋಭ, ಭಯ, ಹಾಸ್ಯಗಳ ತ್ಯಾಗದ ಜೊತೆಗೆ ಅನುವೀಚಿ ಭಾಷಣವನ್ನೂ, ಎಂದರೆ ವಿಚಾರಮಾಡಿ ಆಡುವ ಮಾತನ್ನೂ, ಹೇಳಿದೆ. ಭಯದಿಂದಲೂ ಸತ್ಯ ಕೆಡುತ್ತದೆಂದು ಆಚಾರ್ಯರು ಗುರುತಿಸಿರುವುದು ಇಲ್ಲಿ ಗಮನಾರ್ಹ. ಶಿಖರಜಿಯ ಸಂದೇಶಗಳನ್ನು ಹರಡಿದವರಲ್ಲಿ ದುರುದ್ದೇಶ ಇದ್ದವರು ವಿರಳ, ಭಯಪಟ್ಟವರೇ ಹೆಚ್ಚು.

ಇದೇ ಸಮಾಜ 2015ರಲ್ಲಿ ಬೇರೊಂದು ಬಗೆಯಲ್ಲಿ ಮಾತನಾಡಿತ್ತು. ಆ ವರ್ಷದ ಆಗಸ್ಟ್ 10ರಂದು ರಾಜಸ್ಥಾನ ಹೈಕೋರ್ಟು ಸಲ್ಲೇಖನವನ್ನು ಆತ್ಮಹತ್ಯೆಯ ಸಾಲಿಗೆ ಸೇರಿಸಿ ದಂಡನೀಯವೆಂದಾಗ, ಆಗಸ್ಟ್ 24ರಂದು ದೇಶದಾದ್ಯಂತ ಮೌನ ಮೆರವಣಿಗೆಗಳು ನಡೆದವು. ಆಗಲೂ ಜನರನ್ನು ಕೂಡಿಸುವಲ್ಲಿ ಫೋನುಗಳು ನೆರವಾದವು. ಆದರೆ ಬೀದಿಯಲ್ಲಿ ವಾದವಿರಲಿಲ್ಲ. ವಾದ ನ್ಯಾಯಾಲಯದಲ್ಲಿ, ಗ್ರಂಥಗಳ ಮತ್ತು ಶಾಸನಗಳ ಆಧಾರದ ಮೇಲೆ ನಡೆಯಿತು. ಆ ವ್ರತವನ್ನು ಕೈಕೊಂಡವರ ಹೆಸರುಗಳನ್ನು ಸಾವಿರ ವರ್ಷಗಳಿಗೂ ಹಿಂದಿನಿಂದ ಶ್ರವಣಬೆಳಗೊಳದ ಚಂದ್ರಗಿರಿಯ ಬಂಡೆಗಳು ಕಾಯ್ದುಕೊಂಡು ಬಂದಿವೆ. ಆಗಸ್ಟ್ 31ರಂದು ಸುಪ್ರೀಂ ಕೋರ್ಟು ತೀರ್ಪಿಗೆ ತಡೆಯಾಜ್ಞೆ ನೀಡಿತು.

2015ರ ಆ ವಾದವನ್ನು ಇಲ್ಲಿ ನೆನೆಯಲು ಇನ್ನೊಂದು ಕಾರಣವಿದೆ. ಸಲ್ಲೇಖನದಲ್ಲಿ ಬಯಕೆಯಿಲ್ಲ, ಫಲಾಪೇಕ್ಷೆಯಿಲ್ಲ, ಆದ್ದರಿಂದ ಅದು ಆತ್ಮಹತ್ಯೆಯಲ್ಲ ಎಂಬುದು ಸಮಾಜದ ನಿಲುವಾಗಿತ್ತು. ನಿದಾನ, ಎಂದರೆ ಫಲದ ಬಯಕೆ, ಆ ವ್ರತದ ಅತಿಚಾರ. ಶಿಖರಜಿಗಾಗಿ ಡಿಸೆಂಬರ್ 25ರಿಂದ ಆಹಾರ ತ್ಯಜಿಸಿದ್ದ ಪೂಜ್ಯ ಸುಜ್ಞೇಯಸಾಗರ ಮುನಿಮಹಾರಾಜರು 2023ರ ಜನವರಿ 3ರಂದು ಜಯಪುರದ ಸಾಂಗಾನೇರಿನಲ್ಲಿ ದೇಹತ್ಯಾಗ ಮಾಡಿದರು. ಅವರ ಪರಿಣಾಮಶುದ್ಧಿಯನ್ನು ತೂಗುವ ಅಧಿಕಾರ ಯಾವ ಗೃಹಸ್ಥನಿಗೂ ಇಲ್ಲ. ಪ್ರಶ್ನೆಯಿರುವುದು ಆ ಮರಣದ ಬಗ್ಗೆ ಸಮಾಜ ಬಳಸಿದ ಪದಗಳ ಕುರಿತು. ಸಮಾಧಿ, ಬಲಿದಾನ, ಹುತಾತ್ಮ ಎಂಬ ಮೂರೂ ಪದಗಳನ್ನು ಒಂದೇ ಉಸಿರಿನಲ್ಲಿ ಹೇಳಿದರೆ, ಎಂಟು ವರ್ಷಗಳ ಹಿಂದೆ ನ್ಯಾಯಾಲಯದ ಮುಂದೆ ಎಳೆದ ಗೆರೆಯನ್ನು ಸಮಾಜ ತಾನೇ ಅಳಿಸಿದಂತಾಗುತ್ತದೆ. ಬೇಡಿಕೆಗಾಗಿ ಮಾಡುವ ಉಪವಾಸವು ಸತ್ಯಾಗ್ರಹವಾಗಬಹುದು, ಪೂಜನೀಯವೂ ಆಗಬಹುದು. ಆದರೆ ಅದರ ಹೆಸರು ಸಲ್ಲೇಖನವಲ್ಲ. ಎದುರುಪಕ್ಷದ ವಕೀಲರು ಯಾವಾಗಲಾದರೊಮ್ಮೆ ಇದನ್ನು ಎತ್ತಿ ತೋರಿಸದೆ ಇರಲಾರರು.

ಕಾಗದಪತ್ರದ ಕೆಲಸವೂ ಹೀಗೆಯೇ ಹಿಂದೆ ಬಿದ್ದಿದೆ. ಪರಿಸರ ಸೂಕ್ಷ್ಮ ವಲಯದ ಅಧಿಸೂಚನೆ ಒಮ್ಮೆಲೆ ಹೊರಬೀಳುವುದಿಲ್ಲ. ಕರಡನ್ನು ಮೊದಲು ರಾಜ್ಯಪತ್ರದಲ್ಲಿ ಪ್ರಕಟಿಸಿ, ಆಕ್ಷೇಪಣೆಗಳಿಗೆ 60 ದಿನಗಳ ಅವಕಾಶ ಕೊಡಬೇಕು. ಸಮಾಜದ ಎಷ್ಟು ಟ್ರಸ್ಟುಗಳಲ್ಲಿ ಇಂಥ ಕರಡನ್ನು ಓದುವ ಒಬ್ಬ ವ್ಯಕ್ತಿಯಾದರೂ ಇದ್ದಾನೆ? ಅಧಿಸೂಚನೆ ಬಂದದ್ದು 2019ರಲ್ಲಿ, ಬೀದಿ ತುಂಬಿದ್ದು ಮೂರು ವರ್ಷ ದಾಟಿದ ಮೇಲೆ. ಕೂಗು ಅಡಗಿದ ನಂತರವೂ ಕೆಲಸ ಉಳಿದಿತ್ತೆಂಬುದಕ್ಕೆ ಸಾಕ್ಷಿಯಾಗಿ, 2023ರ ಆದೇಶವನ್ನು ಜಾರಿಗೆ ತರುವಂತೆ 2025ರಲ್ಲಿ ಜಾರ್ಖಂಡ ಹೈಕೋರ್ಟು ರಾಜ್ಯಕ್ಕೆ ಹೇಳಬೇಕಾಯಿತು.

ಇನ್ನು ಮೊದಲ ವಾಕ್ಯಕ್ಕೆ ಮರಳಬಹುದು. ತೀರ್ಥಕ್ಷೇತ್ರವೆಂಬುದು ನಿಜ. ಆದರೆ ಯಾರಿಗೆ ಮಾತ್ರ ಎಂದು ಕೇಳಿದರೆ ಅನೇಕ ಸಂದೇಶಗಳು ಕೊಡುತ್ತಿದ್ದ ಉತ್ತರ ಪೂರ್ಣ ಸತ್ಯವಲ್ಲ. ಅದೇ ಪರ್ವತವನ್ನು ಸಂತಾಲ ಆದಿವಾಸಿಗಳು ಮರಾಂಗ್ ಬುರು ಎಂದು ಪೂಜಿಸುತ್ತಾರೆ. ವೈಶಾಖ ಪೂರ್ಣಿಮೆಯಂದು ಅಲ್ಲಿ ಸಾಂಪ್ರದಾಯಿಕ ಬೇಟೆಗೆ ಹೋಗುವುದು ಅವರ ಆಚಾರ. ಅಹಿಂಸಾಧರ್ಮಿಗಳಿಗೆ ಅದು ನೋವಿನ ಸಂಗತಿಯೇ. ಸಮಾಜದ ಗೆಲುವಿನ ಐದೇ ದಿನಗಳ ಮೇಲೆ, ಜನವರಿ 10ರಂದು, ಸಾವಿರಾರು ಆದಿವಾಸಿಗಳು ಪಾರಸನಾಥದಲ್ಲಿ ಸೇರಿ ತಮ್ಮ ಹಕ್ಕನ್ನು ಸಾರಿದರು. ಅವರ ಘೋಷಣೆಯೂ ಮೊದಲ ವಾಕ್ಯದಷ್ಟೇ ಚಿಕ್ಕದು, ಅಷ್ಟೇ ಏಕಾಂತ. ಸ್ಯಾದ್ವಾದವನ್ನು ಲೋಕಕ್ಕೆ ಕೊಟ್ಟೆವೆಂದು ಹೇಳಿಕೊಳ್ಳುವ ಸಮಾಜಕ್ಕೆ ಅದನ್ನು ಬಳಸುವ ಪ್ರಸಂಗ ಒದಗಿದ್ದು ಆ ದಿನ. ಆ ಹೊತ್ತಿಗಾಗಲೇ ಅಭಿನಂದನೆಯ ಸಂದೇಶಗಳು ಹರಿದಾಡುತ್ತಿದ್ದವು.

ಸಚಿವಾಲಯದ ಆದೇಶ ಮಾತ್ರ ಇದನ್ನು ಮರೆತಿರಲಿಲ್ಲ. ಉಸ್ತುವಾರಿ ಸಮಿತಿಯಲ್ಲಿ ಜೈನ ಸಮಾಜದ ಇಬ್ಬರೂ ಸ್ಥಳೀಯ ಆದಿವಾಸಿ ಸಮುದಾಯದ ಒಬ್ಬರೂ ಇರಬೇಕೆಂದು ಅದು ಹೇಳಿದೆ. ಅದರಲ್ಲಿ ವಿಚಿತ್ರವೇನೂ ಇಲ್ಲ. ಕರ್ನಾಟಕದಿಂದ ಹೋದ ವೃದ್ಧ ಯಾತ್ರಿಕರು ಮಧುಬನದಿಂದ ಬೆಳಕು ಹರಿಯುವ ಮುನ್ನ ಹೊರಟು, ಹತ್ತಿ, ಟೋಂಕುಗಳನ್ನು ಸುತ್ತಿ ಇಳಿಯುವ ಇಪ್ಪತ್ತೇಳು ಕಿಲೋಮೀಟರುಗಳ ವಂದನೆಯನ್ನು ಬಹಳ ಸಲ ಡೋಲಿಯಲ್ಲಿ ಕುಳಿತೇ ಪೂರೈಸುತ್ತಾರೆ. ಆ ಡೋಲಿಗಳಿಗೆ ಹೆಗಲು ಕೊಡುವವರು ಸುತ್ತಲಿನ ಹಳ್ಳಿಗಳ ಜನ. ಮರಾಂಗ್ ಬುರುವನ್ನು ಪೂಜಿಸುವವರೂ ಅವರಲ್ಲಿದ್ದಾರೆ.