ಪ್ರತಿಮೆಯೂ ಪ್ರಶಸ್ತಿಯೂ

ಸಕಲೇಶಪುರದಿಂದ ಮಂಗಳೂರಿನ ಕಡೆಗೆ ಹೋಗುವ ಹೆದ್ದಾರಿಯಲ್ಲಿ ದೋಣಿಗಲ್ ಎಂಬ ಗ್ರಾಮವುಂಟು. ಅಲ್ಲಿಯ ಗುಡ್ಡದ ನೆತ್ತಿಯ ಮೇಲೆ ಎಂಟು ಮೂಲೆಗಳುಳ್ಳ ನಕ್ಷತ್ರಾಕಾರದ ಮಂಜರಾಬಾದ್ ಕೋಟೆಯಿದೆ. ಇದನ್ನು ಟಿಪ್ಪು ಸುಲ್ತಾನನು ಫ್ರೆಂಚರ ದುರ್ಗರಚನಾ ಪದ್ಧತಿಯನ್ನನುಸರಿಸಿ ಕಟ್ಟಿಸಿದನು. ಕೆಲಸವು 1792ರಲ್ಲಿ ಮುಗಿಯಿತು. ಆತನು ಬಂದಾಗ ಬೆಟ್ಟವೆಲ್ಲ ಮಂಜಿನಿಂದ ಮುಸುಕಿದ್ದಿತೆಂದೂ ಅದರಿಂದಲೇ ಈ ಹೆಸರು ಬಂದಿತೆಂದೂ ಐತಿಹ್ಯವಿದೆ. ಅದಕ್ಕೆ ಮೊದಲು ಈ ಪ್ರಾಂತವು ಬಲಂ ಸೀಮೆಯೆನಿಸಿಕೊಂಡು ಐಗೂರಿನ ಪಾಳೆಯಗಾರರ ಕೈಯಲ್ಲಿದ್ದಿತು. 1799ರಲ್ಲಿ ಶ್ರೀರಂಗಪಟ್ಟಣವು ಬಿದ್ದ ಬಳಿಕ ಬಲಂ ಪಾಳೆಯಗಾರನು ಹೊಸ ಪ್ರಭುತ್ವಕ್ಕೆ ತಲೆಬಾಗದಿರಲು, 1802ರಲ್ಲಿ ಕರ್ನಲ್ ಆರ್ಥರ್ ವೆಲ್ಲೆಸ್ಲಿಯು ಸೇನೆಯೊಡನೆ ಬಂದು ಅವನನ್ನಡಗಿಸಿದನು, ಪಾಳೆಯಗಾರನನ್ನು ಗಲ್ಲಿಗೇರಿಸಿದರು. ಮುಂದೆ 1834ರಿಂದ 1861ರವರೆಗೆ ಮಾರ್ಕ್ ಕಬ್ಬನ್ ಮೈಸೂರಿನ ಕಮಿಷನರಾಗಿದ್ದ ಕಾಲದಲ್ಲಿ ಯೂರೋಪಿಯನ್ನರ ಕಾಫಿ ತೋಟಗಳು ಇದೇ ಇಳಿಜಾರುಗಳನ್ನು ಹತ್ತಿದವು.

ಹೀಗೆ ಒಂದೇ ಗುಡ್ಡದ ಸುತ್ತಲೂ ಪಾಳೆಯಗಾರ, ಸುಲ್ತಾನ, ಸೇನಾಪತಿ, ಕಮಿಷನರ್ ಎಂಬ ನಾಲ್ವರ ಅಧಿಕಾರವು ಒಂದರ ಮೇಲೊಂದು ಬಂದು ಹೋಗಿದೆ. ಕೋಟೆಯೊಳಗೆ ಇವರಲ್ಲಿ ಯಾರ ಪ್ರತಿಮೆಯೂ ನಿಂತಿಲ್ಲ. ಆದರೂ ಅದರ ಗೋಡೆಗಳನ್ನು ನೋಡಿದವನಿಗೆ ಯಾವ ಚರಿತ್ರೆಯೂ ಕಡಿಮೆಯಾದಂತೆ ತೋರುವುದಿಲ್ಲ. ಸಾರ್ವಜನಿಕ ಸ್ಥಳಗಳಲ್ಲಿರುವ ವಿವಾದಾಸ್ಪದವಾದ ಪ್ರತಿಮೆಗಳನ್ನು ತೆಗೆಯಬೇಕೆ, ಇರಿಸಬೇಕೆ ಎಂದು ಈಚೆಗೆ ದೇಶವಿದೇಶಗಳಲ್ಲಿ ನಡೆಯುತ್ತಿರುವ ಚರ್ಚೆಯನ್ನು ಪರಾಮರ್ಶಿಸಲು ಈ ಸಂಗತಿಯು ಒಳ್ಳೆಯ ಆರಂಭಸ್ಥಾನವಾಗಿದೆ.

ಈ ಚರ್ಚೆಯಲ್ಲಿ ಎರಡು ಪಕ್ಷಗಳು ಪ್ರಸಿದ್ಧವಾಗಿವೆ. ಪ್ರತಿಮೆಯನ್ನು ತೆಗೆದರೆ ಚರಿತ್ರೆಯೇ ಅಳಿಯುವುದೆಂದು ಒಂದು ಪಕ್ಷದವರೂ, ಪ್ರತಿಮೆಯು ನಿಂತಿರುವವರೆಗೆ ಅನ್ಯಾಯವೂ ನಿಂತಿರುವುದೆಂದು ಇನ್ನೊಂದು ಪಕ್ಷದವರೂ ವಾದಿಸುತ್ತಾರೆ. ವಿಚಾರಿಸಿ ನೋಡಿದರೆ ಎರಡು ವಾದಗಳೂ ಒಂದೇ ತಪ್ಪಿನಿಂದ ಹುಟ್ಟಿವೆ. ಎರಡೂ ಪ್ರತಿಮೆಯನ್ನು ಚರಿತ್ರೆಯೆಂದು ಭಾವಿಸಿವೆ. ಶಾಸನಗಳನ್ನು ಓದಿ ಬಲ್ಲವರಿಗೆ ಈ ಭ್ರಾಂತಿಯು ಸಲ್ಲದು. ರಾಜನ ಬಿರುದಾವಳಿಯ ಪ್ರಶಸ್ತಿಭಾಗ ಬೇರೆ, ದತ್ತಿಯ ಸೀಮೆ, ಕಾಲ, ಸಾಕ್ಷಿಗಳನ್ನು ಹೇಳುವ ಭಾಗ ಬೇರೆ. ಮೊದಲನೆಯದರಿಂದ ಹೊಗಳಿಸಿಕೊಂಡವನ ಆಸೆಯು ತಿಳಿಯುತ್ತದೆ; ಎರಡನೆಯದರಿಂದ ನಡೆದ ಸಂಗತಿಯು ತಿಳಿಯುತ್ತದೆ. ನಾಲ್ಕು ದಾರಿ ಕೂಡುವಲ್ಲಿ ಎತ್ತರದ ಪೀಠದ ಮೇಲೆ ನಿಲ್ಲಿಸಿದ ಪ್ರತಿಮೆಯು ಎರಡನೆಯ ಭಾಗವಿಲ್ಲದ ಪ್ರಶಸ್ತಿಯೇ ಸರಿ.

ವೀರಗಲ್ಲು ಹಾಗಲ್ಲ. ಅದು ಬಹುಮಟ್ಟಿಗೆ ಆಳೆತ್ತರವನ್ನು ಮೀರದು. ಯಾರು, ಯಾವ ಕಾಳಗದಲ್ಲಿ, ಯಾರಿಗಾಗಿ ಮಡಿದರೆಂಬುದನ್ನು ಹೇಳಿ, ಉಳಿದವರಿಗೆ ಕೊಟ್ಟ ಭೂಮಿಯನ್ನೂ ಅನೇಕ ವೇಳೆ ಸೂಚಿಸುತ್ತದೆ. ಸುಮಾರು ಕ್ರಿ.ಶ. 900ರ ಬೇಗೂರಿನ ಕಲ್ಲನ್ನು ನಿಲ್ಲಿಸಿದವರ ಉದ್ದೇಶವು ಕಾಳಗದಲ್ಲಿ ಮಡಿದವನ ಸ್ಮರಣೆ. ಇಂದಿನ ವಿದ್ವಾಂಸರು ಅದನ್ನು ಓದುವುದಾದರೋ ‘ಬೆಂಗಳೂರು’ ಎಂಬ ಹೆಸರು ಅದರಲ್ಲಿರುವುದಕ್ಕಾಗಿ. ನಿಲ್ಲಿಸಿದವನು ಎಣಿಸದಿದ್ದುದನ್ನು ಮುಂದಿನವನು ಅದರಲ್ಲಿ ಕಾಣುತ್ತಾನೆ. ಆದುದರಿಂದ ಯಾವ ಕಲ್ಲನ್ನೂ ಒಡೆಯುವುದು ವಿದ್ಯೆಗೆ ನಷ್ಟವೇ. ಆದರೆ ಒಡೆಯಬಾರದೆಂಬುದರಿಂದ, ಇದ್ದ ಗೌರವದ ಸ್ಥಾನದಲ್ಲಿಯೇ ಇರಬೇಕೆಂಬುದು ಸಿದ್ಧಿಸುವುದಿಲ್ಲ.

ಬೆಂಗಳೂರಿನಲ್ಲಿ ನಡೆದ ಎರಡು ಸಂಗತಿಗಳನ್ನು ಹೋಲಿಸಿದರೆ ಇದು ವಿಶದವಾಗುವುದು. 1791ರ ಮುತ್ತಿಗೆಯಲ್ಲಿ ಮಡಿದ ಆಂಗ್ಲ ಸೇನೆಯವರ ನೆನಪಿಗಾಗಿ ನಿಲ್ಲಿಸಿದ್ದ ಸ್ಮಾರಕಸ್ತಂಭವನ್ನು 1964ರಲ್ಲಿ ಕೆಡವಿದರು. ಅದರಿಂದ ಹೆಸರು ಪಡೆದಿದ್ದ ಸೆನೊಟಾಫ್ ರಸ್ತೆಯು ನೃಪತುಂಗ ರಸ್ತೆಯಾಯಿತು. ಪರರ ವಿಜಯಸ್ತಂಭವನ್ನು ತಮ್ಮ ಊರಿನ ನಡುವೆ ಸಹಿಸಲಾರದೆ ಹೋದವರ ಮನಸ್ಸು ಅರ್ಥವಾಗತಕ್ಕದ್ದೇ. ಆದರೆ ಆ ಮುತ್ತಿಗೆಯಲ್ಲಿ ಕೋಟೆಯನ್ನು ಕಾಯುತ್ತ ಸತ್ತವರ ಸುದ್ದಿಯನ್ನು ಸ್ತಂಭವೂ ಹೇಳಿರಲಿಲ್ಲ, ಅದನ್ನು ಕೆಡವಿದ್ದರಿಂದಲೂ ಅದು ತಿಳಿದು ಬರಲಿಲ್ಲ. ಪ್ರಶಸ್ತಿಯು ಹೋಯಿತು, ಅದರ ಎಡೆಯಲ್ಲಿ ಬರಬೇಕಾಗಿದ್ದ ಚರಿತ್ರೆಯು ಬರಲಿಲ್ಲ.

ಎರಡನೆಯದು ಕಬ್ಬನ್ನನ ಪ್ರತಿಮೆ. ಶಿಲ್ಪಿ ಮರೊಚೆಟ್ಟಿಯು ರಚಿಸಿದ ಈ ಅಶ್ವಾರೂಢ ಮೂರ್ತಿಯು 1866ರಲ್ಲಿ ಸ್ಥಾಪಿತವಾಗಿ, ಮುಂದೆ ಅಠಾರಾ ಕಚೇರಿಯ ಆವರಣಕ್ಕೆ ಬಂದು, ಅಲ್ಲಿಂದ 2020ರ ಜೂನ್ ತಿಂಗಳಲ್ಲಿ ಉದ್ಯಾನದೊಳಕ್ಕೆ ಹೋಯಿತು. ಶಿಲ್ಪದೃಷ್ಟಿಯಿಂದ ಇದು ಹಸನಾದ ಕೆಲಸ; ಆದರೆ ಕುದುರೆಯ ಮೇಲೆ ಕುಳಿತವನು ಆಜ್ಞೆಯನ್ನಲ್ಲದೆ ಬೇರೇನನ್ನೂ ಸೂಚಿಸಲಾರನು. ಆತನ ಆಳಿಕೆಯ ಗುಣದೋಷಗಳನ್ನು ತೂಗಲು ಮೂರ್ತಿಯಲ್ಲಿ ಸ್ಥಳವಿಲ್ಲ. ಉದ್ಯಾನಕ್ಕೆ 1927ರಲ್ಲಿಯೇ ಶ್ರೀ ಚಾಮರಾಜೇಂದ್ರರ ಹೆಸರಿಟ್ಟರೂ ಜನರ ಬಾಯಲ್ಲಿ ಅದು ಇಂದಿಗೂ ಕಬ್ಬನ್ ಪಾರ್ಕೇ. ರೂಢಿಯು ಆಜ್ಞೆಯಿಂದ ಹುಟ್ಟುವುದಿಲ್ಲ, ಆಜ್ಞೆಯಿಂದ ಸಾಯುವುದೂ ಇಲ್ಲ.

ಅದೇ ಜೂನ್ ತಿಂಗಳಲ್ಲಿ ಇಂಗ್ಲೆಂಡಿನ ಬ್ರಿಸ್ಟಲ್ ನಗರದಲ್ಲಿ, ಗುಲಾಮರ ವ್ಯಾಪಾರದಲ್ಲಿ ಪಾಲುಗೊಂಡಿದ್ದ ಎಡ್ವರ್ಡ್ ಕೋಲ್‌ಸ್ಟನ್ನನ ಪ್ರತಿಮೆಯನ್ನು ಜನರು ಉರುಳಿಸಿ ಬಂದರಿನ ನೀರಿಗೆ ನೂಕಿದರು. ಮರುವರ್ಷ ಅದನ್ನು ಅಲ್ಲಿಯ ವಸ್ತುಸಂಗ್ರಹಾಲಯದಲ್ಲಿ, ಮೈಮೇಲಿನ ಬಣ್ಣದ ಕಲೆಗಳೊಡನೆ, ಮಲಗಿಸಿದ ಸ್ಥಿತಿಯಲ್ಲಿಯೇ ತೋರಿಸಿದರು. 1895ರಲ್ಲಿ ನಿಂತಾಗ ಅದು ಪ್ರಶಸ್ತಿಯಾಗಿದ್ದಿತು. ಮಲಗಿದ ಮೇಲೆ ಸಾಕ್ಷ್ಯವಾಯಿತು. ಉರುಳಿಸಿದ ರೀತಿಯನ್ನು ಒಪ್ಪದವರೂ ಈ ಭೇದವನ್ನು ಅಲ್ಲಗಳೆಯಲಾರರು.

ಕನ್ನಡ ನಾಡಿನಲ್ಲಿ ಈ ಪ್ರಶ್ನೆಯು ಅತ್ಯಂತ ತೀಕ್ಷ್ಣವಾಗಿರುವುದು ಟಿಪ್ಪುವಿನ ವಿಷಯದಲ್ಲಿ. ಸರಕಾರವು 2015ರಲ್ಲಿ ಆರಂಭಿಸಿದ ಜಯಂತಿಯನ್ನು 2019ರಲ್ಲಿ ಇನ್ನೊಂದು ಸರಕಾರವು ನಿಲ್ಲಿಸಿತು. 2022ರಲ್ಲಿ ನೂರು ಅಡಿಯ ಪ್ರತಿಮೆಯ ಮಾತೂ ಎದ್ದಿತು, ವಿರೋಧವೂ ಎದ್ದಿತು. ಕೊಡಗಿನವರ ಸ್ಮೃತಿಯಲ್ಲಿ ಆತನ ದಂಡಯಾತ್ರೆಯ ನೋವು ಇನ್ನೂ ಆರಿಲ್ಲ. ಮೇಲುಕೋಟೆಯಲ್ಲಿ ನರಕ ಚತುರ್ದಶಿಯಂದು ಹಬ್ಬ ಮಾಡದ ಮನೆಗಳುಂಟು. ಅದೇ ಸುಲ್ತಾನನು, 1791ರಲ್ಲಿ ಮರಾಠರ ದಂಡು ಶೃಂಗೇರಿಯನ್ನು ಸುಲಿದಾಗ, ಮಠಕ್ಕೆ ನೆರವಿತ್ತು ಕನ್ನಡದಲ್ಲಿ ಬರೆಯಿಸಿದ ಪತ್ರಗಳನ್ನು 1916ರಲ್ಲಿ ರಾ. ನರಸಿಂಹಾಚಾರ್ಯರು ಬೆಳಕಿಗೆ ತಂದರು. ಇವೆರಡೂ ನಿಜ. ಇವೆರಡನ್ನೂ ಗ್ರಂಥವು ಧರಿಸಬಲ್ಲುದು, ತರಗತಿಯ ಪಾಠವು ಧರಿಸಬಲ್ಲುದು, ದೋಣಿಗಲ್ಲಿನ ಪಾಳುಗೋಡೆಯೂ ಧರಿಸಬಲ್ಲುದು. ಪ್ರತಿಮೆಯು ಧರಿಸಲಾರದು. ಅದು ‘ಈತನು ವಂದ್ಯನು’ ಎಂಬ ಒಂದೇ ವಾಕ್ಯವನ್ನು ಬಲ್ಲುದು.

ಹಾಗಾದರೆ ಎಲ್ಲ ಪ್ರತಿಮೆಗಳನ್ನೂ ತೆಗೆಯಬೇಕೆ ಎಂಬ ಆಕ್ಷೇಪವು ಇಲ್ಲಿ ಹುಟ್ಟಬಹುದು. ಹಾಗೇನೂ ಅಲ್ಲ. ವಂದನೆಯು ಸಮಾಜಕ್ಕೆ ಬೇಕಾದುದೇ. ಆದರೆ ಅದು ಒಂದು ತಲೆಮಾರಿನವರ ತೀರ್ಪು. ಆ ತೀರ್ಪನ್ನು ಮರುವಿಚಾರಣೆಗೆ ತರುವ ಅಧಿಕಾರವು ಮುಂದಿನ ತಲೆಮಾರಿಗುಂಟು. ನೋವುಂಡವರ ಮಕ್ಕಳು ಆ ಪೀಠದ ಕೆಳಗೆ ದಿನವೂ ತಲೆತಗ್ಗಿಸಿ ನಡೆಯಲೇಬೇಕೆಂದು ಯಾವ ವಿದ್ವಾಂಸನೂ ವಿಧಿಸಲಾಗದು. ಮುಖ್ಯವಾದುದು ಆ ಮರುವಿಚಾರಣೆಯ ಕ್ರಮ.

ಇದಕ್ಕೆ ಮೇಲ್ಪಂಕ್ತಿಯನ್ನು ದೂರದಲ್ಲಿ ಹುಡುಕಬೇಕಾಗಿಲ್ಲ. ದೋಣಿಗಲ್ ಇರುವ ಹಾಸನ ಜಿಲ್ಲೆಯಲ್ಲಿಯೇ ಇದೆ. ಜೈನರಿಗೂ ಶ್ರೀವೈಷ್ಣವರಿಗೂ ಪಂಚಮಹಾವಾದ್ಯ, ಕಲಶಗಳೆಂಬ ಬಹಿರಂಗ ಮರ್ಯಾದೆಗಳ ವಿಷಯದಲ್ಲಿ ವ್ಯಾಜ್ಯವುಂಟಾದಾಗ, ಬುಕ್ಕರಾಯನು ಉಭಯರನ್ನೂ ಕರೆಯಿಸಿ ತೀರ್ಪಿತ್ತು, 1368ರಲ್ಲಿ ಅದನ್ನು ಕಲ್ಲಿನಲ್ಲಿ ಬರೆಯಿಸಿದನು. ಶ್ರವಣಬೆಳಗೊಳದಲ್ಲಿ ಆ ಶಾಸನವು ಇಂದಿಗೂ ಇದೆ. ದೂರು ಕೊಟ್ಟವರಾರು, ಆದ ತೀರ್ಪೇನು, ಅದನ್ನು ಕಾಯಬೇಕಾದವರಾರು ಎಂಬುದೆಲ್ಲವೂ ಅದರಲ್ಲಿದೆ. ಸೋತವರ ಹೆಸರನ್ನು ಅದು ಅಳಿಸಿಲ್ಲ, ಗೆದ್ದವರನ್ನು ಪೀಠಕ್ಕೇರಿಸಿಲ್ಲ.

ಪ್ರತಿಮೆಯನ್ನು ನಿಲ್ಲಿಸಲಿ, ಸರಿಸಲಿ, ಅದಕ್ಕೆ ಇಂಥದೊಂದು ಬರಹವು ಜೊತೆಗಿರಬೇಕು: ಇಂಥವರು ಇಂಥ ಕಾಲದಲ್ಲಿ ನಿಲ್ಲಿಸಿದರು, ಇಂಥವರು ನೊಂದರು, ಉಭಯರ ಮಾತನ್ನು ಕೇಳಿದ ಮೇಲೆ ಇಂಥ ಕಾರಣದಿಂದ ಹೀಗೆ ಮಾಡಲಾಯಿತು. ಈ ಬರಹವಿಲ್ಲದ ಸ್ಥಾಪನೆಯೂ ಉತ್ಪಾಟನೆಯೂ ಸಮಾನವಾಗಿ ಮೂಕವಾದುವು. ಮಂಜರಾಬಾದಿನ ಕೋಟೆಗೆ ಮಕ್ಕಳನ್ನು ಕರೆದುಕೊಂಡು ಹೋಗುವ ಉಪಾಧ್ಯಾಯನು ಕಟ್ಟಿಸಿದವನ ಯುದ್ಧಕೌಶಲವನ್ನೂ, ಅವನಿಂದ ನೊಂದವರನ್ನೂ, ಗಲ್ಲಿಗೇರಿದ ಪಾಳೆಯಗಾರನನ್ನೂ, ಕಲ್ಲು ಮಣ್ಣು ಹೊತ್ತ ಹೆಸರಿಲ್ಲದವರನ್ನೂ ಅಲ್ಲಿಯೇ ನಿಂತು ಹೇಳಬಲ್ಲನು. ಅವನ ಮಾತಿಗೆ ಅಡ್ಡಿಯಾಗಿ ಅಲ್ಲಿ ಯಾವ ಪೀಠವೂ ಇಲ್ಲ.